ಹೋಮ್ ಲೋನ್ ಕೊನೆಗೆ ಎಷ್ಟಕ್ಕೆ ಬಂದು ನಿಲ್ಲತ್ತೆ: ನೀವೇ ಕೂತು ಲೆಕ್ಕ ಹಾಕೋದು ಹೇಗೆ

"ಐದು ವರ್ಷದಿಂದ ಒಂದು ತಿಂಗಳೂ ತಪ್ಪಿಸದೆ ಕಟ್ತಿದೀನಿ, ಸ್ಟೇಟ್‌ಮೆಂಟ್ ತೆಗೆದು ನೋಡಿದ್ರೆ ಅಸಲು ಅಲ್ಲೇ ಇದೆ, ಬ್ಯಾಂಕಿನೋರು ಏನಾದ್ರೂ ತಪ್ಪು ಮಾಡಿದಾರಾ?" ಈ ಪ್ರಶ್ನೆ ಒಂದಲ್ಲ ಒಂದು ರೂಪದಲ್ಲಿ ಬರ್ತಾನೇ ಇರತ್ತೆ. ಉತ್ತರ ಏನಪ್ಪಾ ಅಂದ್ರೆ ಬಹಳಷ್ಟು ಸಲ ಯಾರೂ ತಪ್ಪು ಮಾಡಿರಲ್ಲ, ಮನೆ ಸಾಲದ ಗಣಿತನೇ ಹಾಗೆ, ಆದ್ರೆ ಆ ಗಣಿತನ ಸಹಿ ಹಾಕೋ ಮುಂಚೆ ಯಾರೂ ಬಿಡಿಸಿ ಹೇಳಿರಲ್ಲ, ಎಲ್ಲರೂ ಇಎಂಐ (ತಿಂಗಳ ಕಂತು) ಒಂದರ ಬಗ್ಗೆನೇ ಮಾತಾಡಿರ್ತಾರೆ. ತಿಂಗಳಿಗೆ ಎಷ್ಟು ಅನ್ನೋದು ನಿಮ್ಮ ಸಂಬಳಕ್ಕೆ ಸಂಬಂಧಪಟ್ಟ ಪ್ರಶ್ನೆ. ಸಾಲ ಎಷ್ಟು ದುಬಾರಿ ಅನ್ನೋದು ಬೇರೆನೇ ಪ್ರಶ್ನೆ, ಅದಕ್ಕೆ ಉತ್ತರ ಇರೋದು ನಿಮ್ಮ ಅಸಲು ಎಷ್ಟು ದಿನ ಕರಗದೆ ಕೂತಿರತ್ತೆ ಅನ್ನೋದರಲ್ಲಿ. ಬಡ್ಡಿ ಅಂದ್ರೆ ಕೂತಿರೋ ಅಸಲಿಗೆ ಕೊಡೋ ಬಾಡಿಗೆ, ಇದೊಂದನ್ನ ಮನಸ್ಸಲ್ಲಿ ಇಟ್ಕೊಂಡು ಓದಿ, ಕೆಳಗಿರೋದೆಲ್ಲಾ ಸುಲಭವಾಗಿ ಅರ್ಥ ಆಗತ್ತೆ.

ಶುರು ಮಾಡೋಕೆ ಏನೇನು ಬೇಕು ಅಂದ್ರೆ, ಈಗಾಗ್ಲೇ ಸಾಲ ಇದ್ರೆ ಸ್ಯಾಂಕ್ಷನ್ ಲೆಟರ್ (ಸಾಲ ಮಂಜೂರು ಮಾಡಿದ ಪತ್ರ), ಇತ್ತೀಚಿನ ಸ್ಟೇಟ್‌ಮೆಂಟ್ ಮತ್ತೆ ಅಮಾರ್ಟೈಸೇಷನ್ ಶೆಡ್ಯೂಲ್ (ಪ್ರತಿ ತಿಂಗಳ ಕಂತಲ್ಲಿ ಬಡ್ಡಿ ಎಷ್ಟು, ಅಸಲು ಎಷ್ಟು ಅಂತ ಸಾಲು ಸಾಲಾಗಿ ತೋರಿಸೋ ಪಟ್ಟಿ, ಕೇಳಿದ್ರೆ ಕೊಡ್ತಾರೆ). ಇನ್ನೂ ತಗೊಂಡಿಲ್ಲ ಅಂದ್ರೆ ಸಾಲ ಕೊಡೋರು ಹೇಳಿದ ದರ, ಅವಧಿ, ಫೀಸ್‌ಗಳ ಪಟ್ಟಿ. ಜೊತೆಗೆ ಎಕ್ಸೆಲ್ ಅಥವಾ ಅಂಥದ್ದೇ ಒಂದು ಸ್ಪ್ರೆಡ್‌ಶೀಟ್, ಒಂದು ಸಂಜೆಯ ಟೈಮ್. ಅಷ್ಟೇ.

ಕೆಳಗೆ ಎಲ್ಲಾ ಲೆಕ್ಕನೂ ಒಂದು ಲಕ್ಷ ಸಾಲಕ್ಕೆ, ವರ್ಷಕ್ಕೆ 8.5 ಪರ್ಸೆಂಟ್ ಬಡ್ಡಿಗೆ, 20 ವರ್ಷದ ಅವಧಿಗೆ ಹಾಕಿದೀನಿ. ನಿಮ್ಮ ಸಾಲ ಎಷ್ಟು ಲಕ್ಷನೋ ಅಷ್ಟರಿಂದ ಗುಣಿಸ್ಕೊಳ್ಳಿ, ಯಾವ ದೇಶದ ಕರೆನ್ಸಿ ಆದ್ರೂ ಲೆಕ್ಕ ಅದೇ.

ಹಂತ 1: ನಿಮ್ಮ ಸಾಲದ ಪಟ್ಟಿ ನೀವೇ ತಯಾರಿಸಿ

ಆನ್‌ಲೈನ್ ಕ್ಯಾಲ್ಕುಲೇಟರ್ ಇದೆಯಲ್ಲಾ ಅಂತ ಇದನ್ನ ಬಿಟ್ಟುಬಿಡಬೇಡಿ, ಕೈಯಾರೆ ಒಂದ್ಸಲ ಮಾಡಿದ್ರೆ ಮಾತ್ರ ಇದು ತಲೆಗೆ ಇಳಿಯೋದು. ಸ್ಪ್ರೆಡ್‌ಶೀಟಲ್ಲಿ ಪಿಎಂಟಿ ಅನ್ನೋ ಫಂಕ್ಷನ್ ಇದೆ, ಅದಕ್ಕೆ ತಿಂಗಳ ಬಡ್ಡಿ ದರ (ವರ್ಷದ ದರ ಭಾಗಿಸು 12), ಒಟ್ಟು ತಿಂಗಳು, ಸಾಲದ ಮೊತ್ತ ಕೊಟ್ರೆ ಇಎಂಐ ಬರತ್ತೆ, ಇಎಂಐ ಅಂದ್ರೆ ಪ್ರತಿ ತಿಂಗಳೂ ಒಂದೇ ಮೊತ್ತದಲ್ಲಿ ಕಟ್ಟೋ ಕಂತು. ನಮ್ಮ ಲೆಕ್ಕದಲ್ಲಿ ಅದು 867.82. ಆಮೇಲೆ ಒಂದೊಂದು ಸಾಲಲ್ಲೂ ಹೀಗೆ ಮಾಡಿ: ತಿಂಗಳ ಶುರುವಲ್ಲಿ ಬಾಕಿ ಇರೋ ಅಸಲನ್ನ ತಿಂಗಳ ದರದಿಂದ ಗುಣಿಸಿದ್ರೆ ಆ ತಿಂಗಳ ಬಡ್ಡಿ, ಇಎಂಐಯಿಂದ ಆ ಬಡ್ಡಿ ಕಳೆದ್ರೆ ಆ ತಿಂಗಳು ಕರಗಿದ ಅಸಲು, ಅದನ್ನ ಬಾಕಿಯಿಂದ ಕಳೆದ್ರೆ ಮುಂದಿನ ತಿಂಗಳ ಶುರು. ಒಂದು ಸಾಲು ಸರಿಯಾಗಿ ಬರೆದು 240 ಸಾಲು ಕೆಳಗೆ ಎಳೆದ್ರೆ ಪಟ್ಟಿ ರೆಡಿ.

ಮೊದಲನೇ ತಿಂಗಳು ನೋಡಿ. ಒಂದು ಲಕ್ಷಕ್ಕೆ ತಿಂಗಳ ಬಡ್ಡಿ 708.33. ನೀವು ಕಟ್ಟಿದ್ದು 867.82. ಅಸಲಿಗೆ ಹೋಗಿದ್ದು ಬರೀ 159.49. ಎರಡನೇ ತಿಂಗಳು ಬಡ್ಡಿ 707.20, ಅಸಲಿಗೆ 160.62. ಒಂದು ರೂಪಾಯಿ ಹದಿಮೂರು ಪೈಸೆಯಷ್ಟು ವ್ಯತ್ಯಾಸ, ಈ ಆಮೆ ನಡಿಗೆಯಲ್ಲೇ ಸಾಲ ತೀರೋಕೆ ಶುರು ಆಗೋದು.

ಈಗ ಪಟ್ಟಿಯಲ್ಲಿ 60ನೇ ಸಾಲಿಗೆ ಹೋಗಿ. ಐದು ವರ್ಷ ಆಗಿದೆ, ನೀವು ಕಟ್ಟಿರೋದು ಒಟ್ಟು 52,069, ಅಸಲು ಕರಗಿರೋದು 11,873. ಮೇಲಿನ ಪ್ರಶ್ನೆ ಕೇಳಿದೋರಿಗೆ ಉತ್ತರ ಇಲ್ಲೇ ಇದೆ. 120ನೇ ಸಾಲಿಗೆ ಹೋಗಿ, ಹತ್ತು ವರ್ಷ ಅಂದ್ರೆ ಅರ್ಧ ಅವಧಿ ಮುಗೀತು, ಕಟ್ಟಿರೋದು 1,04,138, ಅಂದ್ರೆ ತಗೊಂಡಿದ್ದಕ್ಕಿಂತ ಜಾಸ್ತಿನೇ ಕಟ್ಟಿಬಿಟ್ಟಿದೀರ, ಆದ್ರೂ ಬಾಕಿ ಇನ್ನೂ 69,994. ಕಂತಲ್ಲಿ ಬಡ್ಡಿಗಿಂತ ಅಸಲಿನ ಪಾಲು ಜಾಸ್ತಿ ಆಗೋದೇ ಹೆಚ್ಚೂಕಮ್ಮಿ 12 ವರ್ಷ ಆದ ಮೇಲೆ, ಸಾಲ ಅರ್ಧಕ್ಕೆ ಇಳಿಯೋದು 13 ವರ್ಷ 10 ತಿಂಗಳ ಹೊತ್ತಿಗೆ. ಕೊನೇ ಸಾಲಿಗೆ ಬಂದಾಗ ಒಟ್ಟು ಕಟ್ಟಿರೋದು 2,08,277.

ಇಲ್ಲಿ ತುಂಬಾ ಜನ ಮಾಡ್ಕೊಳ್ಳೋ ಒಂದು ತಪ್ಪು ಅರ್ಥ ಇದೆ, "ಬ್ಯಾಂಕು ಮೊದ್ಲು ಬಡ್ಡಿ ಎಲ್ಲಾ ವಸೂಲಿ ಮಾಡ್ಕೊಂಡು ಆಮೇಲೆ ಅಸಲು ಮುಟ್ಟತ್ತೆ" ಅಂತ. ಹಾಗಲ್ಲ. ಪ್ರತಿ ತಿಂಗಳೂ ಆ ತಿಂಗಳ ಬಾಕಿಗೆ ಆ ತಿಂಗಳ ಬಡ್ಡಿ ಮಾತ್ರ ತಗೊಳ್ತಾರೆ, ಶುರುವಲ್ಲಿ ಬಾಕಿ ದೊಡ್ಡದಿರೋದ್ರಿಂದ ಬಡ್ಡಿನೂ ದೊಡ್ಡದು. ಇದು ತಿಳ್ಕೊಳ್ಳೋದು ಯಾಕೆ ಮುಖ್ಯ ಅಂದ್ರೆ, ಮುಂದಿನ ವರ್ಷಗಳ ಬಡ್ಡಿ ನೀವು ಇನ್ನೂ ಕೊಟ್ಟಿಲ್ಲ, ಅದು ಇನ್ನೂ ಹುಟ್ಟೇ ಇಲ್ಲ, ಅಸಲನ್ನ ಇವತ್ತು ಇಳಿಸಿದ್ರೆ ಅದು ಹುಟ್ಟೋದೂ ಇಲ್ಲ.

ಇನ್ನೊಂದು ಎಚ್ಚರಿಕೆ. ಯಾರಾದ್ರೂ ಫ್ಲಾಟ್ ರೇಟ್ ಅಂತ ಹೇಳಿದ್ರೆ ಅಲ್ಲೇ ನಿಲ್ಲಿಸಿ. ಫ್ಲಾಟ್ ಅಂದ್ರೆ ಅಸಲು ಕರಗಿದ್ರೂ ಪೂರ್ತಿ ಅವಧಿ ಮೊದಲನೇ ದಿನದ ಮೊತ್ತಕ್ಕೇ ಬಡ್ಡಿ ಹಾಕೋದು. ಅದೇ 8.5 ಫ್ಲಾಟ್ ಆದ್ರೆ 20 ವರ್ಷಕ್ಕೆ ಬಡ್ಡಿನೇ 1,70,000 ಆಗತ್ತೆ, ನಾವು ಮೇಲೆ ಹಾಕಿದ ಬಾಕಿಯ ಮೇಲಿನ ಲೆಕ್ಕಕ್ಕೆ ತಿರುಗಿಸಿದ್ರೆ ಅದು 12 ಪರ್ಸೆಂಟ್‌ಗೂ ಮೇಲಿನ ಸಾಲ. ದರದ ಅಂಕಿ ಒಂದೇ, ಸಾಲ ಬೇರೆನೇ.

ಹಂತ 2: ಅವಧಿ ಬದಲಾಯಿಸಿ ನೋಡಿ

ಪಟ್ಟಿ ರೆಡಿ ಇದೆಯಲ್ಲಾ, ಈಗ ತಿಂಗಳುಗಳ ಸಂಖ್ಯೆ ಒಂದನ್ನೇ ಬದಲಾಯಿಸಿ. ದರ ಅದೇ 8.5:

10 ವರ್ಷ: ಇಎಂಐ 1,240, ಒಟ್ಟು ಕಟ್ಟೋದು 1,48,783
15 ವರ್ಷ: ಇಎಂಐ 985, ಒಟ್ಟು 1,77,253
20 ವರ್ಷ: ಇಎಂಐ 868, ಒಟ್ಟು 2,08,277
25 ವರ್ಷ: ಇಎಂಐ 805, ಒಟ್ಟು 2,41,568
30 ವರ್ಷ: ಇಎಂಐ 769, ಒಟ್ಟು 2,76,809

25ರಿಂದ 30ಕ್ಕೆ ಹೋದ್ರೆ ಇಎಂಐ ಇಳಿಯೋದು ತಿಂಗಳಿಗೆ 36, ಒಟ್ಟು ಏರೋದು 35 ಸಾವಿರಕ್ಕಿಂತ ಜಾಸ್ತಿ. ಅವಧಿ ಉದ್ದ ಆದಷ್ಟೂ ತಿಂಗಳಿಗೆ ಸಿಗೋ ಹಗುರ ಕಮ್ಮಿ ಆಗ್ತಾ ಹೋಗತ್ತೆ, ಕೊಡೋ ಬೆಲೆ ಮಾತ್ರ ಕಮ್ಮಿ ಆಗಲ್ಲ. "ಇಎಂಐ ಸ್ವಲ್ಪ ಭಾರ ಆಗ್ತಿದೆಯಾ, ಪರವಾಗಿಲ್ಲ, ಟೆನ್ಯೂರ್ ಜಾಸ್ತಿ ಮಾಡೋಣ" (ಟೆನ್ಯೂರ್ ಅಂದ್ರೆ ಸಾಲದ ಅವಧಿ) ಅಂತ ಯಾರಾದ್ರೂ ಹೇಳಿದಾಗ ಈ ಐದು ಸಾಲು ನೆನಪಿಗೆ ಬರ್ಲಿ.

ಹಾಗಂತ ಎಲ್ಲರೂ 10 ವರ್ಷಕ್ಕೇ ತಗೊಳ್ಳಿ ಅಂತ ನಾನು ಹೇಳಲ್ಲ. ಉಸಿರು ಕಟ್ಟೋ ಇಎಂಐ ಇಟ್ಕೊಂಡು ಎರಡು ಕಂತು ತಪ್ಪಿದ್ರೆ ಆಗೋ ನಷ್ಟ ಬೇರೆ ಥರದ್ದು. ನನ್ನ ಅಭಿಪ್ರಾಯ ಏನು ಅಂದ್ರೆ, ಮುಂಚೆ ಕಟ್ಟಿದ್ರೆ ದಂಡ ಇಲ್ಲದ ಸಾಲ ಆಗಿದ್ರೆ ಅವಧಿ ಸ್ವಲ್ಪ ಉದ್ದನೇ ಇಟ್ಕೊಂಡು, ಕೈಯಲ್ಲಿ ಇದ್ದಾಗ ಚಿಕ್ಕ ಅವಧಿಯ ಇಎಂಐ ಎಷ್ಟೋ ಅಷ್ಟು ಕಟ್ತಾ ಹೋಗೋದು ಒಳ್ಳೇದು, ಕಷ್ಟ ಬಂದ ತಿಂಗಳು ಚಿಕ್ಕ ಕಂತಿಗೆ ಇಳಿಯೋ ದಾರಿ ಇರತ್ತೆ. ಆದ್ರೆ ಇದು ಶಿಸ್ತು ಇರೋರಿಗೆ ಮಾತ್ರ. ಉಳಿದ ದುಡ್ಡು ಬೇರೆ ಕಡೆ ಖರ್ಚಾಗಿ ಹೋಗತ್ತೆ ಅನ್ನೋ ಅನುಮಾನ ಇದ್ರೆ ಚಿಕ್ಕ ಅವಧಿಗೇ ಸಹಿ ಹಾಕಿ.

ಹಂತ 3: ದರ ಬದಲಾದ್ರೆ ಏನಾಗತ್ತೆ ನೋಡಿ (ಇಲ್ಲಿ ನಿಧಾನವಾಗಿ ಓದಿ)

ಜನ ಅತಿ ಹೆಚ್ಚು ದುಡ್ಡು ಕಳ್ಕೊಳ್ಳೋದು ಇಲ್ಲೇ, ಅದೂ ಗೊತ್ತಾಗದ ಹಾಗೆ.

ಫಿಕ್ಸೆಡ್ ಅಂದ್ರೆ ದರ ಬದಲಾಗಲ್ಲ, ಫ್ಲೋಟಿಂಗ್ ಅಂದ್ರೆ ಯಾವುದೋ ಒಂದು ಆಧಾರ ದರದ ಜೊತೆ ಏರತ್ತೆ ಇಳಿಯತ್ತೆ. ದೇಶದಿಂದ ದೇಶಕ್ಕೆ ಇದು ಬೇರೆ ಬೇರೆ. ಅಮೆರಿಕದಲ್ಲಿ 30 ವರ್ಷ ಪೂರ್ತಿ ಫಿಕ್ಸೆಡ್ ಸಾಲ ಮಾಮೂಲಿ, ಬ್ರಿಟನ್‌ನಲ್ಲಿ 2 ಅಥವಾ 5 ವರ್ಷ ಫಿಕ್ಸ್ ಇದ್ದು ಆಮೇಲೆ ಹೊಸ ದರಕ್ಕೆ ಹೋಗೋದು ಜಾಸ್ತಿ, ಭಾರತದಲ್ಲಿ ಹೆಚ್ಚಿನವು ಫ್ಲೋಟಿಂಗ್, 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಕೊಡೋ ಹೊಸ ಫ್ಲೋಟಿಂಗ್ ಹೋಮ್ ಲೋನ್‌ಗಳು ರೆಪೋ ದರದಂಥ (ರಿಸರ್ವ್ ಬ್ಯಾಂಕ್ ಬೇರೆ ಬ್ಯಾಂಕುಗಳಿಗೆ ಸಾಲ ಕೊಡೋ ದರ) ಹೊರಗಿನ ಬೆಂಚ್‌ಮಾರ್ಕ್‌ಗೆ ಅಂಟಿಕೊಂಡಿರ್ಬೇಕು ಅಂತ ರಿಸರ್ವ್ ಬ್ಯಾಂಕ್ ನಿಯಮ ಮಾಡಿದೆ. ಅದಕ್ಕೇ ಫಿಕ್ಸೆಡ್ ಅಂತ ಹೇಳಿದಾಗ "ಎಷ್ಟು ವರ್ಷಕ್ಕೆ ಫಿಕ್ಸ್, ಆಮೇಲೆ ಏನು" ಅಂತ ಕೇಳಲೇಬೇಕು, ಸಾಲದ ಕಾಗದದಲ್ಲಿ ರೀಸೆಟ್ (ದರವನ್ನ ಮತ್ತೆ ಹೊಸದಾಗಿ ನಿಗದಿ ಮಾಡೋದು) ಅನ್ನೋ ಪದ ಹುಡುಕಿ.

ಈಗ ಅಸಲಿ ವಿಷ್ಯ. ಸಾಲ ತಗೊಂಡ ಸ್ವಲ್ಪ ದಿನಕ್ಕೇ ದರ 8.5ರಿಂದ 9.5ಕ್ಕೆ ಏರಿತು ಅಂತ ಇಟ್ಕೊಳ್ಳಿ. ಎರಡು ದಾರಿ ಇದೆ.

ಒಂದು, ಅವಧಿ 20 ವರ್ಷನೇ ಇರ್ಲಿ, ಇಎಂಐ ಏರ್ಲಿ. ಇಎಂಐ 868ರಿಂದ 932 ಆಗತ್ತೆ, ಒಟ್ಟು 2,23,711. ಅಂದ್ರೆ ಹೆಚ್ಚುವರಿ ಸುಮಾರು 15,400.

ಎರಡು, ಇಎಂಐ 868ನೇ ಇರ್ಲಿ, ಅವಧಿ ಬೆಳೀಲಿ. ಆಗ ಸಾಲ ತೀರೋಕೆ 240 ತಿಂಗಳಲ್ಲ, ಸುಮಾರು 309 ತಿಂಗಳು, ಅಂದ್ರೆ 25 ವರ್ಷ 9 ತಿಂಗಳು. ಒಟ್ಟು ಕಟ್ಟೋದು ಹತ್ತಿರ ಹತ್ತಿರ 2,67,800. ಹೆಚ್ಚುವರಿ ಸುಮಾರು 59,500.

ದರ ಏರಿದ್ದು ಎರಡರಲ್ಲೂ ಒಂದೇ ಪರ್ಸೆಂಟ್. ತಿಂಗಳಿಗೆ 64 ಜಾಸ್ತಿ ಕಟ್ಟೋಕೆ ಹೋಗದೆ ಸುಮ್ಮನಿದ್ದಿದ್ದಕ್ಕೆ 44 ಸಾವಿರ ಹೆಚ್ಚಿಗೆ ಹೋಯ್ತು, ಅದೂ ಒಂದು ಲಕ್ಷದ ಸಾಲಕ್ಕೆ. ಇಎಂಐ ಬದಲಾಗದೆ ಇದ್ರೆ ನಿಮ್ಮ ಅಕೌಂಟಲ್ಲಿ ಏನೂ ಕಾಣಲ್ಲ, ಎಂದಿನಂತೆ ಅದೇ ಮೊತ್ತ ಕಟ್ ಆಗ್ತಿರತ್ತೆ, ಬಾಲ ಮಾತ್ರ ಹಿಂದೆ ಬೆಳೀತಾ ಇರತ್ತೆ, ವರ್ಷಗಳಾದ ಮೇಲೆ ಯಾವತ್ತೋ ಸ್ಟೇಟ್‌ಮೆಂಟ್ ತೆಗೆದಾಗ ಗೊತ್ತಾಗತ್ತೆ.

ಇನ್ನೂ ಒಂದು ಪರ್ಸೆಂಟ್ ಏರಿ 10.5 ಆದ್ರೆ? ಒಂದು ಲಕ್ಷಕ್ಕೆ ತಿಂಗಳ ಬಡ್ಡಿನೇ 875. ನಿಮ್ಮ ಇಎಂಐ 868. ಬಡ್ಡಿಗೇ ಸಾಲಲ್ಲ, ಸಾಲ ಕರಗೋ ಬದಲು ಬೆಳೆಯತ್ತೆ, ಇದಕ್ಕೆ ನೆಗೆಟಿವ್ ಅಮಾರ್ಟೈಸೇಷನ್ ಅಂತಾರೆ. ಕಾಗದದ ಮೇಲೆ ಇದು ಯಾವತ್ತೂ ತೀರದ ಸಾಲ.

ಅದಕ್ಕೇ ಮಾಡ್ಬೇಕಾಗಿದ್ದು ಇಷ್ಟು. ದರ ಬದಲಾದ ಮೆಸೇಜ್ ಬಂದ ಪ್ರತಿ ಸಲ ಹೊಸ ಇಎಂಐ ಎಷ್ಟು ಅನ್ನೋದರ ಜೊತೆಗೆ ಹೊಸ ಕೊನೇ ದಿನಾಂಕ ಯಾವುದು ಅಂತ ಬರವಣಿಗೆಯಲ್ಲಿ ಕೇಳಿ. ಅವಧಿ ಬೆಳೆದಿದ್ರೆ ಇಎಂಐ ಏರಿಸಿ ಅಂತ ಅರ್ಜಿ ಕೊಡಿ. ಭಾರತದಲ್ಲಿ 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ಹೊರಡಿಸಿದ ಸುತ್ತೋಲೆ ಪ್ರಕಾರ ದರ ರೀಸೆಟ್ ಆದಾಗ ಇಎಂಐ ಏರಿಸ್ಬೇಕಾ, ಅವಧಿ ಬೆಳೆಸ್ಬೇಕಾ, ಎರಡೂ ಸೇರಿಸ್ಬೇಕಾ ಅನ್ನೋ ಆಯ್ಕೆ ಸಾಲಗಾರರಿಗೆ ಕೊಡಬೇಕು, ಸಾಲ ಬೆಳೆಯೋ ಪರಿಸ್ಥಿತಿಗೆ ಹೋಗದ ಹಾಗೆ ನೋಡ್ಕೋಬೇಕು. ಕೇಳದಿದ್ರೆ ಆ ಆಯ್ಕೆ ನಿಮ್ಮ ಪರವಾಗಿ ಬೇರೆ ಯಾರೋ ಮಾಡಿರ್ತಾರೆ.

ಹೊಸದಾಗಿ ಸಾಲ ತಗೊಳ್ಳೋರು ಈಗಿನ ದರಕ್ಕೆ ಎರಡು ಪರ್ಸೆಂಟ್ ಸೇರಿಸಿ ಇಎಂಐ ಲೆಕ್ಕ ಹಾಕಿ, ಆ ಮೊತ್ತ ಕಟ್ಟೋಕೆ ಆಗಲ್ಲ ಅಂದ್ರೆ ಸಾಲದ ಮೊತ್ತನೇ ಜಾಸ್ತಿ ಆಗಿದೆ ಅಂತ ಅರ್ಥ.

ಹಂತ 4: ಬಡ್ಡಿ ಅಲ್ಲದ ಖರ್ಚುಗಳನ್ನ ಸೇರಿಸಿ

ಪ್ರೊಸೆಸಿಂಗ್ ಫೀಸ್, ಲೀಗಲ್ ಪರಿಶೀಲನೆ, ಮನೆಯ ಮೌಲ್ಯಮಾಪನ, ಅಡಮಾನ ನೋಂದಣಿ, ಇವೆಲ್ಲಾ ಶುರುವಲ್ಲೇ ಕೈಬಿಟ್ಟು ಹೋಗೋ ದುಡ್ಡು. ಒಂದು ಪರ್ಸೆಂಟ್ ಫೀಸ್ ಅಂದ್ರೆ ಕೇಳೋಕೆ ಚಿಕ್ಕದು, ಆದ್ರೆ ನಿಮ್ಮ ಕೈಗೆ ಬಂದಿದ್ದು 99,000, ಬಡ್ಡಿ ಕಟ್ಟೋದು ಒಂದು ಲಕ್ಷಕ್ಕೆ. 20 ವರ್ಷ ಪೂರ್ತಿ ಇಟ್ಕೊಂಡ್ರೆ 8.5 ಅನ್ನೋದು ನಿಜದಲ್ಲಿ ಸುಮಾರು 8.64 ಆಗತ್ತೆ, ಐದೇ ವರ್ಷಕ್ಕೆ ಮನೆ ಮಾರಿಯೋ ಸಾಲ ಬದಲಾಯಿಸಿಯೋ ಹೊರಗೆ ಬಂದ್ರೆ 8.75 ಹತ್ತಿರ, ಯಾಕಂದ್ರೆ ಅದೇ ಫೀಸು ಕಮ್ಮಿ ವರ್ಷಗಳ ಮೇಲೆ ಹಂಚಿಕೆ ಆಗತ್ತೆ. ಹೀಗೆ ಫೀಸ್ ಎಲ್ಲಾ ಸೇರಿಸಿ ಹೇಳೋ ದರಕ್ಕೆ ಎಪಿಆರ್ ಅಂತಾರೆ, ವಾರ್ಷಿಕ ಒಟ್ಟು ದರ. ಅಮೆರಿಕದಲ್ಲಿ 1968ರ ಕಾನೂನಿನಿಂದಲೇ ಇದನ್ನ ತಿಳಿಸೋದು ಕಡ್ಡಾಯ, ಭಾರತದಲ್ಲಿ 2024ರ ಅಕ್ಟೋಬರ್‌ನಿಂದ ಹೊಸ ರಿಟೇಲ್ ಸಾಲಗಳಿಗೆ ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್ ಅನ್ನೋ ಸರಳ ಹಾಳೆಯಲ್ಲಿ ಎಪಿಆರ್ ತೋರಿಸಿ ಕೊಡಬೇಕು. ಎರಡು ಕಡೆ ಆಫರ್ ಹೋಲಿಸೋವಾಗ ಬೋರ್ಡಲ್ಲಿರೋ ದರ ಬಿಡಿ, ಈ ಹಾಳೆಗಳನ್ನ ಪಕ್ಕ ಪಕ್ಕ ಇಟ್ಟು ನೋಡಿ.

ಇದರಲ್ಲಿ ನಾನು ಬೆರಳಿಟ್ಟು ತೋರಿಸೋದು ಇನ್ಶೂರೆನ್ಸ್. ಸಾಲಗಾರರಿಗೆ ಏನಾದ್ರೂ ಆದ್ರೆ ಸಾಲ ತೀರಿಸೋ ವಿಮೆ ಒಳ್ಳೇದೇ, ಮನೆಯೋರ ತಲೆ ಮೇಲೆ ಸಾಲ ಬೀಳೋದು ತಪ್ಪತ್ತೆ. ತೊಂದರೆ ಇರೋದು ಅದನ್ನ ಮಾರೋ ರೀತಿಯಲ್ಲಿ. ಪೂರ್ತಿ ಅವಧಿಯ ಪ್ರೀಮಿಯಂ ಒಟ್ಟಿಗೆ ಲೆಕ್ಕ ಹಾಕಿ, "ನೀವು ಈಗ ಕೈಯಿಂದ ಏನೂ ಕೊಡೋದು ಬೇಡ, ಲೋನಲ್ಲೇ ಸೇರಿಸ್ತೀವಿ" ಅಂತಾರೆ. ಒಂದು ಲಕ್ಷಕ್ಕೆ 3,000 ಪ್ರೀಮಿಯಂ ಅಂತ ಇಟ್ಕೊಂಡ್ರೆ ಅದು ಸಾಲದ ಭಾಗ ಆಗಿ 20 ವರ್ಷ ಬಡ್ಡಿ ತಿಂದು 6,248 ಆಗತ್ತೆ. ಬೇರೆ ಕಡೆ ವರ್ಷ ವರ್ಷ ಕಟ್ಟೋ ಟರ್ಮ್ ಪಾಲಿಸಿ ದರ ಕೇಳಿ ಹೋಲಿಸಿ, ಇದು ತಗೊಂಡ್ರೇನೇ ಸಾಲ ಅಂತ ಹೇಳಿದ್ರೆ ಅದನ್ನ ಬರೆದು ಕೊಡಿ ಅಂತ ಕೇಳಿ.

ಕಟ್ಟಡ ಇನ್ನೂ ಏಳ್ತಿರೋ ಮನೆಗೆ ಸಾಲ ತಗೊಳ್ಳೋರಿಗೆ ಪ್ರಿ-ಇಎಂಐ ಅಂತ ಒಂದು ಬರತ್ತೆ. ಬ್ಯಾಂಕು ಹಂತ ಹಂತವಾಗಿ ದುಡ್ಡು ಬಿಡತ್ತೆ, ಬಿಟ್ಟಷ್ಟಕ್ಕೆ ನೀವು ಬರೀ ಬಡ್ಡಿ ಕಟ್ತೀರ, ಅಸಲು ಒಂದು ಪೈಸೆನೂ ಇಳಿಯಲ್ಲ. ಮೂರು ವರ್ಷ ಸರಾಸರಿ ಅರ್ಧ ಸಾಲ ಬಿಟ್ಟಿದ್ರು ಅಂದ್ರೆ ತಿಂಗಳಿಗೆ 354ರಂತೆ 12,750 ಹೋಗತ್ತೆ, ಆಮೇಲೆ 20 ವರ್ಷದ ಗಡಿಯಾರ ಸೊನ್ನೆಯಿಂದ ಶುರು ಆಗತ್ತೆ. ಈ ಮೊತ್ತ ನಿಮ್ಮ ಪಟ್ಟಿಯಲ್ಲಿ ಇಲ್ಲ, ಮೇಲೆ ಒಂದು ಸಾಲು ಸೇರಿಸಿ ಬರ್ಕೊಳ್ಳಿ. ಸಾಧ್ಯ ಇದ್ರೆ ಮೊದಲ ದಿನದಿಂದಲೇ ಪೂರ್ತಿ ಇಎಂಐ ಕಟ್ಟೋ ಆಯ್ಕೆ ಕೇಳಿ.

ಮನೆ ತೆರಿಗೆ, ರಿಪೇರಿ, ನಿರ್ವಹಣೆ ಇವು ಸಾಲದ ಖರ್ಚಲ್ಲ, ಮನೆಯ ಖರ್ಚು, ಸಾಲ ತೀರಿದ್ರೂ ಇರೋವು. ಬೇರೆ ಕಾಲಮ್‌ನಲ್ಲಿ ಇಡಿ, ಆದ್ರೆ ಇಡಿ.

ಹಂತ 5: ಮುಂಚೆ ಕಟ್ಟಿದ್ರೆ ಎಷ್ಟು ಉಳಿಯತ್ತೆ ನೋಡಿ

ಪ್ರಿಪೇಮೆಂಟ್ ಅಂದ್ರೆ ಇಎಂಐ ಬಿಟ್ಟು ಹೆಚ್ಚಿಗೆ ಕಟ್ಟಿ ಅಸಲು ಇಳಿಸೋದು. ಇದರಲ್ಲಿ ಎಷ್ಟು ಕಟ್ತೀರ ಅನ್ನೋದಕ್ಕಿಂತ ಯಾವಾಗ ಕಟ್ತೀರ ಅನ್ನೋದು ದೊಡ್ಡದು.

10,000 ಕೈಯಲ್ಲಿದೆ ಅಂತ ಇಟ್ಕೊಳ್ಳಿ. ಒಂದನೇ ವರ್ಷದ ಕೊನೆಯಲ್ಲಿ ಕಟ್ಟಿ, ಇಎಂಐ ಹಾಗೇ ಇಟ್ರೆ ಸಾಲ ನಾಲ್ಕು ವರ್ಷ ಮುಂಚೆ ತೀರತ್ತೆ, ಉಳಿಯೋ ಬಡ್ಡಿ ಸುಮಾರು 32,000. ಅದೇ 10,000ನ ಹತ್ತನೇ ವರ್ಷದ ಕೊನೆಯಲ್ಲಿ ಕಟ್ಟಿದ್ರೆ ಎರಡು ವರ್ಷ ಮುಂಚೆ ತೀರತ್ತೆ, ಉಳಿಯೋದು ಸುಮಾರು 11,400. ದುಡ್ಡು ಅದೇ, ಆದ್ರೆ ಆ 10,000 ಅಸಲು ಕೂತಿರ್ಬೇಕಾಗಿದ್ದ ದಿನಗಳು ಕಮ್ಮಿ.

ದೊಡ್ಡ ಮೊತ್ತ ಇಲ್ಲದೋರು ವರ್ಷಕ್ಕೆ ಒಂದೇ ಒಂದು ಇಎಂಐ ಹೆಚ್ಚಿಗೆ ಕಟ್ಟಿ ಸಾಕು, ಬೋನಸ್ ಬಂದಾಗಲೋ ಇನ್ಯಾವಾಗಲೋ. 20 ವರ್ಷದ ಸಾಲ 16 ವರ್ಷ 9 ತಿಂಗಳಿಗೆ ಮುಗಿಯತ್ತೆ, ಉಳಿತಾಯ 20,500ರ ಹತ್ತಿರ.

ಇಲ್ಲಿ ತಪ್ಪೋದು ಎಲ್ಲಿ ಅಂತ ಹೇಳ್ತೀನಿ. ಹೆಚ್ಚಿಗೆ ಕಟ್ಟಿದ ಮೇಲೆ "ಇಎಂಐ ಕಮ್ಮಿ ಮಾಡ್ಲಾ, ಅವಧಿ ಕಮ್ಮಿ ಮಾಡ್ಲಾ" ಅಂತ ಕೇಳ್ತಾರೆ, ಮೇಲಿನ ಉಳಿತಾಯ ಎಲ್ಲಾ ಅವಧಿ ಕಮ್ಮಿ ಮಾಡಿದ್ರೆ ಮಾತ್ರ. ಕೆಲವು ಕಡೆ ಕೇಳೋದೂ ಇಲ್ಲ, ಹೆಚ್ಚಿಗೆ ಬಂದ ದುಡ್ಡನ್ನ ಮುಂದಿನ ತಿಂಗಳ ಅಡ್ವಾನ್ಸ್ ಕಂತು ಅಂತ ಹಾಕ್ಕೊಂಡಿರ್ತಾರೆ, ಅಸಲು ಇಳಿದೇ ಇರಲ್ಲ, ಅದಕ್ಕೇ ಕಟ್ಟಿದ ವಾರದಲ್ಲೇ ಸ್ಟೇಟ್‌ಮೆಂಟ್ ತೆಗೆದು ಬಾಕಿ ಅಸಲು ಅಷ್ಟು ಇಳಿದಿದೆಯಾ ಅಂತ ನೋಡಿ. ದಂಡದ ವಿಷ್ಯನೂ ಮುಂಚೆನೇ ಕೇಳಿ, ಎಷ್ಟೋ ದೇಶಗಳಲ್ಲಿ ಫಿಕ್ಸೆಡ್ ಸಾಲ ಮುಂಚೆ ತೀರಿಸಿದ್ರೆ ದೊಡ್ಡ ಶುಲ್ಕ ಇರತ್ತೆ, ಭಾರತದಲ್ಲಿ 2012ರಿಂದ ಬ್ಯಾಂಕುಗಳು ವ್ಯಕ್ತಿಗಳ ಫ್ಲೋಟಿಂಗ್ ಹೋಮ್ ಲೋನ್‌ಗೆ ಅಂಥ ದಂಡ ಹಾಕೋ ಹಾಗಿಲ್ಲ.

ಇನ್ನೊಂದು, ಇದನ್ನ ಒತ್ತಿ ಹೇಳ್ತೀನಿ, ಇರೋ ಬರೋ ಉಳಿತಾಯ ಎಲ್ಲಾ ಸಾಲಕ್ಕೆ ಸುರೀಬೇಡಿ. ಮನೆ ಗೋಡೆ ಒಳಗೆ ಹೋದ ದುಡ್ಡು ಕೆಲಸ ಹೋದ ತಿಂಗಳು ವಾಪಸ್ ಬರಲ್ಲ. ಆರು ತಿಂಗಳ ಖರ್ಚು ಮತ್ತು ಇಎಂಐ ಪಕ್ಕಕ್ಕೆ ಇಟ್ಟು, ಕ್ರೆಡಿಟ್ ಕಾರ್ಡು, ಪರ್ಸನಲ್ ಲೋನು ಇದ್ರೆ ಮೊದ್ಲು ಅವನ್ನ ಮುಗಿಸಿ, ಅವುಗಳ ಬಡ್ಡಿ ಸಾಮಾನ್ಯವಾಗಿ ಮನೆ ಸಾಲಕ್ಕಿಂತ ತುಂಬಾ ಜಾಸ್ತಿ, ಆಮೇಲೆ ಇದಕ್ಕೆ ಬನ್ನಿ.

ಹಂತ 6: ಬೇರೆ ಬ್ಯಾಂಕಿಗೆ ಬದಲಾಯಿಸೋ ಮುಂಚೆ

"ಅಲ್ಲಿ ಒಂದು ಪರ್ಸೆಂಟ್ ಕಮ್ಮಿ ಇದೆ, ಟ್ರಾನ್ಸ್‌ಫರ್ ಮಾಡ್ಕೊಳ್ಲಾ?" ಇದೂ ಪದೇ ಪದೇ ಬರೋ ಪ್ರಶ್ನೆ. ಲೆಕ್ಕ ಹೀಗೆ. ಹತ್ತು ವರ್ಷ ಕಟ್ಟಿದೀರ, ಬಾಕಿ 69,994, ಇಲ್ಲೇ ಮುಂದುವರಿದ್ರೆ ಇನ್ನು ಕಟ್ಟೋದು ಒಟ್ಟು 1,04,138. ಹೊಸ ಕಡೆ 7.5ಕ್ಕೆ ಕೊಡ್ತಾರೆ.

ಉಳಿದ ಹತ್ತೇ ವರ್ಷಕ್ಕೆ ತಗೊಂಡ್ರೆ ಇಎಂಐ 831, ಒಟ್ಟು 99,700. ಉಳಿತಾಯ 4,400, ಅದರಲ್ಲಿ ಹೊಸ ಫೀಸು, ಲೀಗಲ್ ಖರ್ಚು ಕಳೀರಿ, ಉಳಿದಿದ್ದು ನಿಮ್ಮದು.

ಅದೇ ಹೊಸ ಸಾಲ ಮತ್ತೆ 20 ವರ್ಷಕ್ಕೆ ಮಾಡಿಸ್ಕೊಂಡ್ರೆ? ಇಎಂಐ 564ಕ್ಕೆ ಇಳಿಯತ್ತೆ, ನೋಡಿದ ತಕ್ಷಣ ಖುಷಿ ಆಗತ್ತೆ, ಆದ್ರೆ ಒಟ್ಟು ಕಟ್ಟೋದು 1,35,328. ದರ ಒಂದು ಪರ್ಸೆಂಟ್ ಕಮ್ಮಿ ಆಗಿ 31,000 ಜಾಸ್ತಿ ಹೋಯ್ತು. ಸಾಲ ಮಾರೋರು ತೋರಿಸೋದು ಈ ಎರಡನೇದನ್ನೇ, ಯಾಕಂದ್ರೆ ಇಎಂಐ ಇಳಿದಿದ್ದು ಕಣ್ಣಿಗೆ ಕಾಣತ್ತೆ. ಟ್ರಾನ್ಸ್‌ಫರ್ ಮಾಡೋದಾದ್ರೆ ಉಳಿದ ಅವಧಿಗಿಂತ ಒಂದು ತಿಂಗಳೂ ಜಾಸ್ತಿ ಒಪ್ಪಬೇಡಿ, ಸಾಧ್ಯ ಆದ್ರೆ ಹಳೇ ಇಎಂಐನೇ ಮುಂದುವರಿಸಿ. ಮತ್ತೆ ಸಾಲದ ಕೊನೇ ವರ್ಷಗಳಲ್ಲಿ ಇದ್ದೀರ ಅಂದ್ರೆ ಬಡ್ಡಿನೇ ಅಷ್ಟು ಉಳಿದಿರಲ್ಲ, ಫೀಸಿಗೆ ಸರಿ ಹೋಗತ್ತೆ. ಎಷ್ಟೋ ಸಲ ಈಗಿರೋ ಬ್ಯಾಂಕಿಗೇ ಹೊಸ ಆಫರ್ ತೋರಿಸಿ ದರ ಇಳಿಸಿ ಅಂತ ಕೇಳಿದ್ರೆ ಚಿಕ್ಕ ಶುಲ್ಕಕ್ಕೆ ಮಾಡಿಕೊಡ್ತಾರೆ, ಮೊದ್ಲು ಅದನ್ನೇ ಕೇಳಿ.

ಹಂತ 7: ಇವತ್ತಿನ ಬೆಲೆಗೆ ಇಳಿಸಿ ನೋಡಿ

ಇಷ್ಟೆಲ್ಲಾ ಓದಿ "ಒಂದಕ್ಕೆ ಎರಡು ಕಟ್ಬೇಕಾ, ಸಾಲನೇ ಬೇಡ" ಅಂತ ಹೆದರೋರೂ ಇದಾರೆ, ಅವರಿಗಾಗಿ ಈ ಹಂತ. 20 ವರ್ಷ ಆದ ಮೇಲೆ ಕಟ್ಟೋ 868 ಇವತ್ತಿನ 868 ಅಲ್ಲ. ಬೆಲೆ ಏರಿಕೆ ವರ್ಷಕ್ಕೆ 5 ಪರ್ಸೆಂಟ್ ಅಂತ ಇಟ್ಕೊಂಡ್ರೆ ಆ ಕೊನೇ ಕಂತಿನ ತೂಕ ಇವತ್ತಿನ ಲೆಕ್ಕದಲ್ಲಿ 327 ಅಷ್ಟೇ. ಎಲ್ಲಾ 240 ಕಂತನ್ನೂ ಹೀಗೆ ಇವತ್ತಿನ ಬೆಲೆಗೆ ಇಳಿಸಿ ಕೂಡಿದ್ರೆ 2,08,277 ಅನ್ನೋದು ಸುಮಾರು 1,32,700ಕ್ಕೆ ಬರತ್ತೆ. ಅಂದ್ರೆ ನಿಜವಾದ ಹೊರೆ ಒಂದಕ್ಕೆ 1.33 ಅಷ್ಟೇ. ಸ್ಪ್ರೆಡ್‌ಶೀಟಲ್ಲಿ ಇದನ್ನ ಪಿವಿ ಅನ್ನೋ ಫಂಕ್ಷನ್ ಮಾಡಿಕೊಡತ್ತೆ, ದರದ ಜಾಗದಲ್ಲಿ ಸಾಲದ ಬಡ್ಡಿ ಬದಲು ತಿಂಗಳ ಬೆಲೆ ಏರಿಕೆ ದರ (ವರ್ಷಕ್ಕೆ 5 ಆದ್ರೆ ತಿಂಗಳಿಗೆ ಸುಮಾರು 0.407 ಪರ್ಸೆಂಟ್) ಹಾಕಿ.

ಆದ್ರೆ ಈ ಸಮಾಧಾನ ಸಿಗೋದು ಬೆಲೆಗಳ ಜೊತೆ ನಿಮ್ಮ ಆದಾಯನೂ ಏರಿದ್ರೆ ಮಾತ್ರ. ನಿಂತ ನೀರಿನಂಥ ಆದಾಯ ಇರೋರಿಗೆ, ರಿಟೈರ್‌ಮೆಂಟ್ ದಾಟಿ ಕಂತು ಹೋಗೋರಿಗೆ 868 ಕೊನೇ ತನಕ 868ರ ಭಾರನೇ. ನಿಮ್ಮ ಪಟ್ಟಿಯಲ್ಲಿ ಕೊನೇ ಕಂತಿನ ಪಕ್ಕ ಆವತ್ತಿಗೆ ನಿಮ್ಮ ವಯಸ್ಸು ಎಷ್ಟು ಅಂತ ಬರೀರಿ, 45ಕ್ಕೆ 25 ವರ್ಷದ ಸಾಲ ತಗೊಳ್ಳೋಕೆ ಹೊರಟಿರೋರು ಇದನ್ನ ಸಹಿ ಹಾಕೋ ಮುಂಚೆನೇ ಬರೀಬೇಕು.

ಮನೆ ಸಾಲದ ಬಡ್ಡಿಗೆ ತೆರಿಗೆ ವಿನಾಯ್ತಿ ಇರೋ ಕಡೆ ನಿಮಗೆ ಬೀಳೋ ದರ ಸ್ವಲ್ಪ ಇಳಿಯತ್ತೆ, ಅದನ್ನೂ ಲೆಕ್ಕಕ್ಕೆ ತಗೊಳ್ಳಿ. ಆದ್ರೆ ತೆರಿಗೆ ಉಳಿಯತ್ತೆ ಅಂತ ಸಾಲ ಇಟ್ಕೊಂಡೇ ಇರೋದು ಸರಿಯಲ್ಲ, ನೂರು ಬಡ್ಡಿ ಕೊಟ್ಟು ಮೂವತ್ತು ತೆರಿಗೆ ಉಳಿಸಿದ್ರೂ ಎಪ್ಪತ್ತು ಹೋಗಿದ್ದು ಹೋಗಿದ್ದೇ.

ಹಂತ 8: ಕೊನೇ ಕಂತು ಕಟ್ಟಿದ ಮೇಲೆ

ಸಾಲ ತೀರಿದ್ರೂ ಕಾಗದದ ಮೇಲೆ ಮನೆ ಇನ್ನೂ ಅಡಮಾನದಲ್ಲೇ ಇರಬಹುದು. ಬಾಕಿ ಇಲ್ಲ ಅನ್ನೋ ಪತ್ರ, ಅಂದ್ರೆ ಎನ್‌ಒಸಿ ತಗೊಳ್ಳಿ, ಕೊಟ್ಟಿದ್ದ ಮೂಲ ಪತ್ರಗಳನ್ನ ಸಾಲ ತಗೊಂಡಾಗಿನ ಪಟ್ಟಿ ಹಿಡ್ಕೊಂಡು ಒಂದೊಂದಾಗಿ ಟಿಕ್ ಮಾಡಿ ವಾಪಸ್ ತಗೊಳ್ಳಿ, ನೋಂದಣಿ ದಾಖಲೆಯಲ್ಲಿ ಬ್ಯಾಂಕಿನ ಹಕ್ಕು ತೆಗೆಸಿ, ಕ್ರೆಡಿಟ್ ರಿಪೋರ್ಟಲ್ಲಿ ಸಾಲ ಕ್ಲೋಸ್ ಅಂತ ಬಂದಿದೆಯಾ ನೋಡಿ. ಭಾರತದಲ್ಲಿ 2023ರ ಡಿಸೆಂಬರ್ 1ರಿಂದ ಇರೋ ನಿಯಮದ ಪ್ರಕಾರ ಪೂರ್ತಿ ತೀರಿಸಿದ 30 ದಿನದ ಒಳಗೆ ಮೂಲ ಪತ್ರ ವಾಪಸ್ ಕೊಟ್ಟು ಹಕ್ಕು ತೆಗೆಸಬೇಕು, ಬ್ಯಾಂಕಿನ ಕಡೆಯಿಂದ ತಡ ಆದ್ರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕು. ಈ ಕೆಲಸ ಆ ತಿಂಗಳೇ ಮುಗಿಸಿ, ಹತ್ತು ವರ್ಷ ಬಿಟ್ಟು ಮನೆ ಮಾರೋಕೆ ಹೋದಾಗ ಮುಚ್ಚಿಹೋದ ಬ್ರಾಂಚು ಹುಡುಕ್ಕೊಂಡು ಅಲೆಯೋ ಹಾಗೆ ಆಗ್ಬಾರ್ದು.